ಎಡಗೈಯ ಜಿಲೇಬಿ

ಪುಣೆಯ ಬಿಬವೇವಾಡಿಯ ಸುಮಂಗಲಾಳ ಮದುವೆಯಲ್ಲಿ ಮುಹೂರ್ತ ಮೀರಲಿಲ್ಲ ಎಂದರೆ ಅದು ಅವಳ ಅತ್ತೆ ಗಂಗೂಬಾಯಿಯ ಪುಣ್ಯ. ಅಂತರಪಟ ಸರಿದಿತ್ತು. ವಾಲಗದವರು ಗಲ್ಲ ಉಬ್ಬಿಸಿಕೊಂಡು ಕಾದಿದ್ದರು. ವರ ಋಷಿಕೇಶ ಹಾರ ಹಿಡಿದು ಕೈ ಎತ್ತಿದ್ದ. ಅಷ್ಟರಲ್ಲಿ ವಧು "ತಡೀರಿ!" ಅಂದುಬಿಟ್ಟಳು.

ಮಂಗಲ ಕಾರ್ಯಾಲಯ ಗಪ್ಪಾಯಿತು. ಹುಡುಗಿಯ ಮನಸ್ಸಿನಲ್ಲಿ ಬೇರೆ ಯಾರೋ ಇದ್ದಾನೆಂದು ಹಿಂದಿನ ಸಾಲಿನ ಹೆಂಗಸರು ಆಗಲೇ ಹೆಸರು ಊಹಿಸತೊಡಗಿದ್ದರು. ಸುಮಂಗಲಾ ಮುಂದೆ ಬಂದು ವರನ ಬಾಸಿಂಗವನ್ನು ಎರಡು ಬೆರಳಲ್ಲಿ ಹಿಡಿದು ಬಲದಿಂದ ಎಡಕ್ಕೆ ವಾಲಿಸಿದಳು.

"ಮೊದಲಿನ ಫೋಟೋದಾಗ ಹಿಂಗಿತ್ತು. ಈಗ ಹಾಕ್ರಿ," ಎಂದು ತಲೆ ಬಗ್ಗಿಸಿದಳು.

ಗಂಗೂಬಾಯಿ ವಾಲಗದವನ ಬೆನ್ನಿಗೊಂದು ಗುದ್ದು ಕೊಟ್ಟು ಊದಿಸಿದರು, ಋಷಿಕೇಶ ಹಾರ ಹಾಕಿದ, ಮದುವೆ ಆಯಿತು. ವಿಮಾ ಕಚೇರಿಯ ಸಾಧು ಮನುಷ್ಯ ಅವನು. ಅಂದಿನಿಂದ ಇಂದಿನವರೆಗೂ ಹೆಂಡತಿ "ತಡೀರಿ" ಅಂದರೆ ತಡೆಯುತ್ತಾನೆ, "ಹಾಕ್ರಿ" ಅಂದರೆ ಹಾಕುತ್ತಾನೆ.

ಆಗಿನ್ನೂ ಸುಮಂಗಲಾ ಟೀವಿಯ ಕೆಲಸಕ್ಕೆ ಸೇರಿರಲಿಲ್ಲ. ಸೇರಿದ ಮೇಲೆ ಹೀಗಾದಳು ಎಂದು ಯಾರೂ ತಪ್ಪು ತಿಳಿಯಬಾರದು. ಇದು ತವರಿನಿಂದ ತಂದ ಗುಣ. ಅವಳ ತಂದೆ ಬಿಂದುಮಾಧವ ಧಾರವಾಡ ಬಿಟ್ಟು ಪಿಂಪ್ರಿಯ ಕಾರ್ಖಾನೆಯೊಂದಕ್ಕೆ ಬಂದವರು. ಅಲ್ಲಿ ತಯಾರಾದ ಬೋಲ್ಟುಗಳನ್ನು ಅಳೆದು ಸರಿಯಿಲ್ಲದ್ದನ್ನು ಪಕ್ಕಕ್ಕೆ ಎಸೆಯುವುದೇ ಅವರ ಕೆಲಸ. ಮನೆಗೆ ಬಂದ ಮೇಲೆ ಚಪಾತಿ ಅಳೆಯುತ್ತಿದ್ದರು. ಹುಟ್ಟುಗುಣ ಸುಟ್ಟರೂ ಹೋಗದು ಎನ್ನುತ್ತಾರೆ. ಇಲ್ಲಿ ಸುಡಲು ಯಾರೂ ಪ್ರಯತ್ನವನ್ನೇ ಮಾಡಿರಲಿಲ್ಲ.

ಮದುವೆಯ ಮರುವರ್ಷ ಅಲ್ಲಿನ ಕನ್ನಡ ಮಂಡಳಿಯವರು ರಾಜ್ಯೋತ್ಸವಕ್ಕೆ ಪೌರಾಣಿಕ ನಾಟಕ ಆಡಿದರು. ಪರದೆಯ ಹಿಂದೆ ನಿಂತು ಮಾತು ಎತ್ತಿಕೊಡುವ ಕೆಲಸ ಸುಮಂಗಲಾಳದು. ರಾಜನ ಪಾತ್ರ ಹಣಮಂತ್ರಾಯರದು. ಇವರು ಕಲಬುರಗಿ ಕಡೆಯಿಂದ ಗಾರೆ ಕೆಲಸಕ್ಕೆ ಬಂದು, ಆಮೇಲೆ ಶೂಟಿಂಗಿನವರಿಗೆ ಸೋಫಾ, ಮಂಚ, ತೂಗುದೀಪದ ಝೂಮರು ಬಾಡಿಗೆಗೆ ಕೊಡುವ ವ್ಯಾಪಾರ ಹಿಡಿದು ದುಂಡಗಾದವರು. ರಾಜರು ಸಿಂಹಾಸನದಿಂದ ಎದ್ದು ಕತ್ತಿ ಹಿರಿದು ಗರ್ಜಿಸಿದರು. ಪರದೆಯ ಹಿಂದಿನಿಂದ ಸ್ಪಷ್ಟವಾದ ಹೆಣ್ಣು ದನಿ ಬಂತು:

"ಕತ್ತಿ ಬಲಕ್ಕ ಕಟ್ಟೀರಲ್ರಿ! ಮೊದಲಿನ ಅಂಕದಾಗ ಎಡಕ್ಕಿತ್ತು!"

"ಹೌದ್ರಿ, ತಪ್ಪಾತು," ಎಂದು ಮಹಾರಾಜರು ಅಲ್ಲಿಯೇ ಒಪ್ಪಿಕೊಂಡು, ಸೊಂಟದ ಪಟ್ಟಿ ಬಿಚ್ಚಿ ಒರೆಯನ್ನು ಎಡಕ್ಕೆ ತಿರುಗಿಸಿಕೊಂಡರು. ಪಟ್ಟಿಯ ಜೊತೆ ಧೋತರವೂ ಸಡಿಲಾಯಿತು. ಆ ಸಂಜೆಯ ಅತಿ ದೊಡ್ಡ ಚಪ್ಪಾಳೆ ಅದಕ್ಕೇ ಬಿತ್ತು.

ಬೇರೆ ಯಾರಾದರೂ ಆಗಿದ್ದರೆ ಜನ್ಮದಲ್ಲಿ ಅವಳ ಮುಖ ನೋಡುತ್ತಿರಲಿಲ್ಲ. ಹಣಮಂತ್ರಾಯರು ವ್ಯಾಪಾರಸ್ಥರು, ಯಾವ ವಸ್ತು ಎಲ್ಲಿ ಬಾಡಿಗೆಗೆ ಹೋದೀತು ಎಂಬುದು ಅವರಿಗೆ ಗೊತ್ತು. ಮರುವಾರವೇ ಅವಳನ್ನು ನಿಗಡಿಯ ಹತ್ತಿರದ ಒಂದು ಬಂಗಲೆಗೆ ಕರೆದೊಯ್ದರು. ಅಲ್ಲಿ ಮರಾಠಿ ಧಾರಾವಾಹಿಯೊಂದರ ಶೂಟಿಂಗ್ ನಡೆದಿತ್ತು. ಅದರ ಹೆಸರು ಬೇಡ. ಎಲ್ಲ ಧಾರಾವಾಹಿಗಳ ಹೆಸರೂ ಹೆಚ್ಚುಕಡಿಮೆ ಅದೇ. ನಿರ್ಮಾಪಕಿ ಶೀತಲ ಮೇಡಂ ಎದುರು ಅವಳನ್ನು ನಿಲ್ಲಿಸಿ ಹಣಮಂತ್ರಾಯರು ತಮ್ಮ ಮರಾಠಿಯಲ್ಲಿ, "ಈ ಹುಡುಗಿ ನಮ್ಮ ನಾಟಕ ಹಾಳು ಮಾಡಿದಳು. ನಿಮ್ಮ ಧಾರಾವಾಹಿ ಉದ್ಧಾರ ಮಾಡುತ್ತಾಳೆ," ಎಂದು ಶಿಫಾರಸು ಮಾಡಿದರು.

ಕೆಲಸದ ಹೆಸರು ಕಂಟಿನ್ಯುಟಿ. ಶೂಟಿಂಗಿನಲ್ಲಿ ಕಥೆ ಚೂರುಚೂರಾಗಿ ನಡೆಯುತ್ತದೆ. ಇವತ್ತು ಬಾಗಿಲು ತೆರೆದವಳು ಒಳಗೆ ಕಾಲಿಡುವುದು ಮುಂದಿನ ವಾರ. ಟೀವಿಯಲ್ಲಿ ಅದು ಒಂದೇ ಗಳಿಗೆ. ಆ ವಾರದಲ್ಲಿ ಅವಳ ಬಳೆಯ ಬಣ್ಣ ಬದಲಾಗಬಾರದು, ಕೈಲಿದ್ದ ಲೋಟದ ಹಾಲು ಏರಬಾರದು, ಇಳಿಯಬಾರದು. ಯಾರ ಯಾವ ಕೈಯಲ್ಲಿ ಏನಿತ್ತು ಎಂದು ನಿರ್ದೇಶಕನ ಪಕ್ಕ ಕೂತು ಕಾಯುವುದೇ ಈ ಕೆಲಸ. ಮೊಸರಲ್ಲಿ ಕಲ್ಲು ಹುಡುಕುವವರಿಗೆ ಸಂಬಳ ಕೊಡುವ ಜಾಗ ಈ ಭೂಮಿಯ ಮೇಲಿದೆ ಎಂದು ತಿಳಿದು ಸುಮಂಗಲಾಳಿಗೆ ಕಣ್ಣಲ್ಲಿ ನೀರು ಬಂತು.

ಸೇರಿದ ಹೊಸತರಲ್ಲೇ ಅವಳ ಹೆಸರು ಇಡೀ ಸೆಟ್ಟಿಗೆ ಹಬ್ಬಿತು. ನಾಯಕನ ಪಾತ್ರದವನು ಹಾಲು ತರಲೆಂದು ಮನೆಯಿಂದ ಹೊರಟ ದೃಶ್ಯ ಮುಗಿಸಿ, ರಜೆ ಹಾಕಿ, ತಿರುಪತಿಗೆ ಹೋಗಿ ಹರಕೆಯ ಮುಡಿ ಕೊಟ್ಟು ಬಂದ. ಇನ್ನು ಹಾಲು ತೆಗೆದುಕೊಂಡು ಮನೆಗೆ ಮರಳಬೇಕು. ನಿರ್ದೇಶಕ ಅಮರ ಸರ್, "ನಡೆಯುತ್ತೆ ಬಿಡಿ, ಟೋಪಿ ಹಾಕೋಣ," ಅಂದರು. ಸುಮಂಗಲಾ ಬಾಗಿಲಿಗೆ ಅಡ್ಡ ನಿಂತಳು. ಓಣಿಯ ಡೇರಿಗೆ ಹೋದವನು ಬೋಳಾಗಿ ಬರುವುದು ಹೇಗೆ, ದಾರಿಯಲ್ಲಿ ಟೋಪಿ ಎಲ್ಲಿ ಸಿಕ್ಕಿತು, ಆ ಹಾಲು ಯಾವ ಹಾಲು? ಕಡೆಗೆ ದಾರಿಯಲ್ಲಿ ಅವನಿಗೆ ಹಲ್ಲುನೋವು ಬಂತೆಂದು ಕಥೆ ಬರೆದು, ತಲೆಗೂ ಗದ್ದಕ್ಕೂ ಸೇರಿಸಿ ಟವೆಲ್ ಸುತ್ತಿ ಒಳಗೆ ಕಳಿಸಿದರು. ಕೂದಲು ಬರುವವರೆಗೆ ಹಲ್ಲುನೋವು ಇಳಿಯಲಿಲ್ಲ. ಮಹಾರಾಷ್ಟ್ರದ ಮೂಲೆಮೂಲೆಯಿಂದ ತಾಯಂದಿರು ಲವಂಗದ ಎಣ್ಣೆ ಹಚ್ಚಲು ಹೇಳಿ ಬರೆದರು.

ಮನೆಯಲ್ಲೂ ಇದೇ ಆಟ. ಬೆಳಿಗ್ಗೆ ಅಡುಗೆಮನೆಗೆ ಕಾಲಿಟ್ಟವಳೇ, "ಅತ್ಯಾರ, ಸಾಸಿವಿ ಡಬ್ಬಿ ನಿನ್ನೆ ಒಲಿ ಕಡೆ ಇತ್ತಲ್ರಿ?" ಎನ್ನುತ್ತಿದ್ದಳು.

"ನಿನ್ನೆ ನಾ ಬ್ಯಾರೆ ಸೀರಿಯಲ್‌ದಾಗ ಇದ್ದೆನವಾ," ಎಂದು ಗಂಗೂಬಾಯಿ ಒಗ್ಗರಣೆ ಸಿಡಿಸುತ್ತಿದ್ದರು.

ಸೆಟ್ಟಿನಲ್ಲಿ ಅವಳಿಗೆ ಕನ್ನಡ ಆಡಲು ಇದ್ದವರು ಒಬ್ಬರೇ, ಏಕನಾಥ ಕಾಕಾ. ಸೊಲ್ಲಾಪುರದವರು, ಅರ್ಧ ಆಯುಷ್ಯ ಮರಾಠಿ ರಂಗಭೂಮಿಯಲ್ಲಿ ಕಳೆದು ಈಗ ಧಾರಾವಾಹಿಯ ಅಜ್ಜನಾಗಿದ್ದರು. ನಟನೆಯಲ್ಲಿ ಗಟ್ಟಿ ಕುಳ. ಆದರೆ ತಿನ್ನುವ ದೃಶ್ಯ ಬಂದರೆ ಮಾತ್ರ ಅವರಿಗೆ ಮಾತು ಮರೆಯುತ್ತಿತ್ತು. ಜಿಲೇಬಿ ಕಚ್ಚಿ, ಸಾವಕಾಶ ಅಗಿದು, ನುಂಗಿ, ಆಮೇಲೆ "ಅಯ್ಯೋ, ಏನದು ಮುಂದಿನ ಮಾತು?" ಎನ್ನುತ್ತಿದ್ದರು. ಮತ್ತೆ ಟೇಕ್. ಹಿಂದಿನ ಟೇಕಿನಲ್ಲಿ ಕಚ್ಚಿದ್ದರೆ ಈ ಟೇಕಿನಲ್ಲೂ ಅಷ್ಟೇ ಕಚ್ಚಬೇಕು, ಅದೂ ಹೊಸ ಜಿಲೇಬಿಯನ್ನೇ. ಇದು ಸುಮಂಗಲಾಳದೇ ಕಾನೂನು. ಡಾಕ್ಟರು ಸಿಹಿ ಬಂದ್ ಮಾಡಿದ ಮೇಲಂತೂ ಕಾಕಾ ಪೂರ್ತಿ ಅವಳ ಕಾನೂನನ್ನೇ ನಂಬಿ ಬದುಕುತ್ತಿದ್ದರು.

"ಬೇಕಂತ ಮರೀತೀರಿ ನೀವು," ಎಂದು ಅವಳು ಗದರುತ್ತಿದ್ದಳು.

"ವಯಸ್ಸಾತವಾ," ಎಂದು ಅವರು ಬೆರಳು ನೆಕ್ಕುತ್ತಿದ್ದರು.

ಹೀಗೆ ವರ್ಷಗಳು ಉರುಳಿದವು. ಸ್ವಾರಗೇಟಿನಿಂದ ಬಸ್ಸಿನಲ್ಲಿ ಹೋಗುತ್ತಿದ್ದವಳು ಮೆಟ್ರೊದಲ್ಲಿ ಹೋಗತೊಡಗಿದಳು, ಧಾರಾವಾಹಿಯ ಸೊಸೆ ಅತ್ತೆಯಾದಳು, ಆ ಅತ್ತೆಗೆ ಸೊಸೆಯೂ ಬಂದಳು. ಸುಮಂಗಲಾ ಮಾತ್ರ ಅದೇ ಕುರ್ಚಿಯಲ್ಲಿ ಕೂತಿದ್ದಳು. ಅವಳಿಗೆ ನಿರ್ದೇಶಕಿಯಾಗಬೇಕಿತ್ತು. ಇದನ್ನು ಸುತ್ತಿ ಬಳಸಿ ಹೇಳುವುದರಲ್ಲಿ ಅರ್ಥವಿಲ್ಲ. ಭಾಳ ದಿನದಿಂದ ಬೇಕಿತ್ತು. ಪ್ರತಿ ದೃಶ್ಯವನ್ನೂ ಅಮರ ಸರ್ ಒಮ್ಮೆ ತೆಗೆಯುತ್ತಿದ್ದರು, ಅವಳು ಮನಸ್ಸಿನಲ್ಲಿ ಇನ್ನೊಮ್ಮೆ ತೆಗೆಯುತ್ತಿದ್ದಳು. ಧೈರ್ಯ ಮಾಡಿ ಒಂದು ಸಲ ಕೇಳಿಯೂ ಕೇಳಿದಳು. ಅಮರ ಸರ್ ನಕ್ಕರು.

"ಸುಮಂಗಲಾ, ನೀನು ಯಾವುದು ತಪ್ಪು ಎಂದು ಹೇಳುವವಳು. ಯಾವುದು ಚೆನ್ನ ಎಂದು ಹೇಳುವುದು ಬೇರೆ ಕೆಲಸ," ಅಂದರು.

ಅವಳಿಗೆ ಸಿಟ್ಟು ಬಂತು. ಮನೆಗೆ ಬಂದು ಋಷಿಕೇಶನ ಕೈಯಲ್ಲಿದ್ದ ಪೇಪರ್ ಕಿತ್ತು ಸರಿಯಾಗಿ ಮಡಚಿಟ್ಟಳು.

ಕೂಡಿಬಂದ ದಿನ ಕೇಳದೆ ಬರುತ್ತದೆ. ಪುಣೆಯಲ್ಲಿ ಗಣಪತಿ ಬರುವುದಕ್ಕೆ ಬಹಳ ಮುಂಚೆಯೇ ಮೆರವಣಿಗೆಯ ಢೋಲಿನ ತಾಲೀಮು ಶುರುವಾಗುತ್ತದೆ. ಎಂಜಿನಿಯರರು, ವಕೀಲರು, ಡಾಕ್ಟರರು ಎಲ್ಲ ಸಂಜೆ ನದಿ ದಂಡೆಗೆ ಬಂದು, ಸೊಂಟಕ್ಕೆ ಢೋಲು ಕಟ್ಟಿಕೊಂಡು ಊರಿನ ಕಿವಿ ಕಿತ್ತುಹೋಗುವಂತೆ ಬಾರಿಸುತ್ತಾರೆ. ಅಮರ ಸರ್ ಕೂಡ ಒಂದು ತಂಡದಲ್ಲಿದ್ದರು. ಆ ವರ್ಷ ಉತ್ಸಾಹ ಹೆಚ್ಚಾಗಿ, ಕೋಲು ಬೀಸಿದ ಭರದಲ್ಲಿ ಭುಜವನ್ನೇ ಕೀಲಿನಿಂದ ಇಳಿಸಿಕೊಂಡರು. ಮರುದಿನ ತೆಗೆಯಬೇಕಾದ ದೃಶ್ಯ ಅದರ ಮರುದಿನವೇ ಪ್ರಸಾರವಾಗಬೇಕಿತ್ತು. ಕೈಯಲ್ಲಿ ಒಂದೂ ಕಂತು ಉಳಿದಿರಲಿಲ್ಲ. ಮುಂಬೈಯಲ್ಲಿದ್ದ ಶೀತಲ ಮೇಡಂ ಬೆಳಿಗ್ಗೆ ಸುಮಂಗಲಾಳಿಗೆ ಫೋನ್ ಮಾಡಿದರು.

"ಇವತ್ತು ನೀನು ನಿರ್ದೇಶನ ಮಾಡು. ನಾಳೆ ಟೀವಿಯಲ್ಲಿ ನೋಡಿ ಹೇಳುತ್ತೇನೆ. ಚೆನ್ನಾಗಿದ್ದರೆ ಸೋಮವಾರದಿಂದ ವಾರದಲ್ಲಿ ಮೂರು ದಿನ ನಿನ್ನವು. ಇಲ್ಲದಿದ್ದರೆ ನಿನ್ನ ಕುರ್ಚಿ ಅಲ್ಲೇ ಇರುತ್ತದೆ, ಬೇಜಾರು ಮಾಡಿಕೊಳ್ಳಬೇಡ."

ಗಂಗೂಬಾಯಿ ಸೊಸೆಗೆ ದೇವರ ಮುಂದಿನ ಕುಂಕುಮ ಹಚ್ಚಿದರು. ಸುಮಂಗಲಾ ಕನ್ನಡಿ ನೋಡಿ ಅದನ್ನು ಸ್ವಲ್ಪ ಎಡಕ್ಕೆ ಸರಿಸಿಕೊಂಡು ಹೊರಟಳು.

ಅವಳ ಕುರ್ಚಿಗೆ ಯಾರನ್ನಾದರೂ ಕೂರಿಸಬೇಕಿತ್ತು. ಸೆಟ್ಟಿನ ಖರ್ಚುವೆಚ್ಚ ನೋಡುತ್ತಿದ್ದ ಅಭಿಲಾಷ ಸಿಕ್ಕ. ನಡುವಯಸ್ಸಿನ, ಬೆವರು ಜಾಸ್ತಿಯಿರುವ, ಭಯಸ್ಥ ಮನುಷ್ಯ. "ಏನಾದರೂ ತಪ್ಪು ಕಂಡರೆ ಕೂಗಿ," ಎಂದು ಸುಮಂಗಲಾ ಹೇಳಿಕೊಟ್ಟಳು. ಅವನು ಅದನ್ನು ಗುರುಮಂತ್ರದಂತೆ ಹಿಡಿದುಕೊಂಡ.

ದೃಶ್ಯ ಹೀಗಿತ್ತು. ಓಡಿಹೋಗಿ ಮದುವೆಯಾದ ಮೊಮ್ಮಗಳ ಮೇಲೆ ಅಜ್ಜನಿಗೆ ಎರಡು ತಿಂಗಳಿಂದ ಸಿಟ್ಟು. ಅವಳ ಹೆಸರೆತ್ತಿದರೆ ಊಟ ಬಿಟ್ಟು ಏಳುತ್ತಿದ್ದ. ಅವಳು ಇವತ್ತು ಮನೆಗೆ ಬಂದಿದ್ದಾಳೆ. ಹಿಂದಿನ ದಿನ ಅಮರ ಸರ್ ಅರ್ಧ ತೆಗೆದಿದ್ದರು: ಅಜ್ಜ ತೂಗುಮಂಚದ ಮೇಲೆ ಕೂತು ಜಿಲೇಬಿ ತಿನ್ನುತ್ತಿದ್ದಾನೆ, ಬಾಗಿಲು ತೆರೆಯುತ್ತದೆ, ಅಜ್ಜ ತಲೆ ಎತ್ತುತ್ತಾನೆ. ಅರ್ಧ ಕಚ್ಚಿದ ಜಿಲೇಬಿ ಬಲಗೈಯಲ್ಲಿ. ಇವತ್ತು ಅಲ್ಲಿಂದ ಮುಂದಕ್ಕೆ. ಮೊಮ್ಮಗಳಾಗಿ ಸುರಭಿ ಎಂಬ ಹುಡುಗಿ. ತೂಕ ಏರೀತೆಂದು ಸೌತೆಕಾಯಿಯನ್ನೂ ಲೆಕ್ಕ ಹಾಕಿ ತಿನ್ನುವವಳು.

ಸುಮಂಗಲಾ ನಿರ್ದೇಶಕರ ಕುರ್ಚಿಯಲ್ಲಿ ಕೂತು "ಆಕ್ಷನ್" ಅಂದಳು.

ಸುರಭಿ ಮೆಲ್ಲಗೆ ನಡೆದು ಬಂದು ಅಜ್ಜನ ಕಾಲ ಬಳಿ ಕೂತಳು. ಕಾಕಾ ಅವಳನ್ನು ನೋಡಿದರು. ನೋಡುತ್ತಲೇ ಇದ್ದರು. ಅವರ ತುಟಿ ನಡುಗಿತು, ಮಾತು ಬರಲಿಲ್ಲ. ಈ ಸಲ ಮರೆತಿದ್ದಲ್ಲ ಎಂದು ಎಲ್ಲರಿಗೂ ಗೊತ್ತಾಗುತ್ತಿತ್ತು. ಸುರಭಿಗೆ ಗ್ಲಿಸರಿನ್ ಇಲ್ಲದೆ ಕಣ್ಣು ತುಂಬಿತು. ಲೈಟಿನವನು ಬಾಯಲ್ಲಿದ್ದದ್ದನ್ನು ಅಗಿಯುವುದು ನಿಲ್ಲಿಸಿದ. ಕಾಕಾನ ಬಲಗೈ ತಾನಾಗಿ ಮೇಲೆದ್ದು ಹುಡುಗಿಯ ತಲೆಯ ಕಡೆಗೆ ಹೋಗತೊಡಗಿತು. ಇನ್ನು ನಾಲ್ಕು ಬೆರಳಿನ ಅಂತರ.

"ಕಟ್! ಕಾಕಾ, ಜಿಲೇಬಿ ಬಲಗೈಯಾಗ ಇತ್ತರಿ!"

ಕೂಗಿದ್ದು ಅಭಿಲಾಷ ಅಲ್ಲ. ಅವನು ಕಣ್ಣೊರೆಸಿಕೊಳ್ಳುತ್ತಿದ್ದ. ಕೂಗಿದವಳು ಸುಮಂಗಲಾ. ಮಗುವಿಗೆ ಬಿಕ್ಕಳಿಕೆ ಬರುವ ಹಾಗೆ ಅದು ಅವಳ ಬಾಯಿಂದ ಬಂದುಹೋಗಿತ್ತು. ತಲೆ ಮುಟ್ಟಬೇಕೆಂದು ಕಾಕಾ ಟೇಕ್ ಶುರುವಾಗುವ ಮುಂಚೆಯೇ ಜಿಲೇಬಿಯನ್ನು ಎಡಗೈಗೆ ತೆಗೆದುಕೊಂಡಿದ್ದರು. ನಿನ್ನೆ ಬಲ, ಇವತ್ತು ಎಡ. ಅವಳಿಗೆ ಕಂಡದ್ದು ಅದೊಂದೇ.

ಕಾಕಾ ಎತ್ತಿದ ಕೈ ಇಳಿಸಿದರು. ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು.

"ಇಷ್ಟ ವರ್ಷ ಬೇಕಂತ ತಪ್ಪ ಮಾಡಿದಾಗೆಲ್ಲ ನಡೀತು," ಅಂದರು ಕನ್ನಡದಲ್ಲಿ, ಅವಳಿಗೊಬ್ಬಳಿಗೇ ತಿಳಿಯುವಂತೆ. "ಇವತ್ತ ಒಂದ ಖರೇ ಮಾಡಿದ್ದೆ."

ಸುಮಂಗಲಾಳಿಗೆ ನೆಲ ಬಾಯಿಬಿಟ್ಟರೆ ಸಾಕೆನಿಸಿತು. ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ ಎನ್ನುತ್ತಾರಲ್ಲ, ಇಲ್ಲಿ ಬಾಯಿಗೆ ಬಂದದ್ದನ್ನು ಅವಳೇ ಉಗುಳಿದ್ದಳು.

ಮತ್ತೆ ಟೇಕ್. ಈಗ ಜಿಲೇಬಿ ಬಲಗೈಯಲ್ಲಿ. ಆಶೀರ್ವಾದವೂ ಬಲಗೈಯಲ್ಲೇ ಆಗಬೇಕು. ಕಾಕಾ ಕೈ ಎತ್ತಿ ಆಶೀರ್ವದಿಸಿದರು, ಜಿಲೇಬಿ ಸಮೇತ. ಪಾಕ ಸುರಭಿಯ ಬೈತಲೆಯಿಂದ ಮೂಗಿಗೆ ಇಳಿಯಿತು. ಅವಳ ತಲೆ ತೊಳೆದು, ಒಣಗಿಸಿ, ಮೊದಲಿನ ಹಾಗೇ ಬಾಚುವಷ್ಟರಲ್ಲಿ ಊಟದ ಹೊತ್ತು ಕಳೆಯಿತು. ಮುಂದಿನದರಲ್ಲಿ ಕಾಕಾ ಜಿಲೇಬಿಯನ್ನು ತಟ್ಟೆಗಿಟ್ಟು ಕೈ ಎತ್ತಿದರು. ತೂಗುಮಂಚ ತೂಗಿ ತಟ್ಟೆ ಕವುಚಿತು. ಅದರ ಮುಂದಿನದರಲ್ಲಿ ಎಲ್ಲ ಸರಿಯಾಗಿತ್ತು, ಇರುವೆಗಳನ್ನು ಬಿಟ್ಟರೆ. ಅವು ಮೊಮ್ಮಗಳಿಗಿಂತ ಮೊದಲೇ ಅಜ್ಜನ ತೊಡೆ ಸೇರಿದ್ದವು. ಅಜ್ಜ ಕರುಣರಸದ ನಡುವೆ ಎದ್ದು ಕುಣಿದರು.

ಪ್ರತಿ ಟೇಕಿಗೂ ಹೊಸ ಜಿಲೇಬಿ, ಪ್ರತಿ ಜಿಲೇಬಿಗೂ ಅಳತೆಯ ಅದೇ ಕಚ್ಚು. ಬಾಯಲ್ಲಿ ಇಟ್ಟುಕೊಂಡು ಉಗುಳಿರಿ ಎಂದು ಸುಮಂಗಲಾ ಬಕೆಟ್ ತರಿಸಿದಳು. ಜಿಲೇಬಿಯ ಪುಟ್ಟಿ ಕಂಡರೆ ಮಗುವಾಗುತ್ತಿದ್ದ ಏಕನಾಥ ಕಾಕಾ ಇಳಿಹೊತ್ತಿಗೆ ಅದನ್ನು ಕಂಡು ಮುಖ ತಿರುಗಿಸತೊಡಗಿದರು. ಸುರಭಿ ಬೆಳಿಗ್ಗೆಯಿಂದ ಏನೂ ತಿಂದಿರಲಿಲ್ಲ. ಅವಳ ಹೊಟ್ಟೆಯ ಸದ್ದು ಮೈಕಿನಲ್ಲಿ ಕೇಳಿಸಿತು. ದೃಶ್ಯವೇನೋ ಬರುತ್ತಿತ್ತು. ಕೈ ಸರಿ, ಶಾಲು ಸರಿ, ಕನ್ನಡಕ ಸರಿ. ಆದರೆ ಇಬ್ಬರೂ ರೇಷನ್ ಅಂಗಡಿಯ ಸಾಲಿನಲ್ಲಿ ಭೇಟಿಯಾದವರಂತೆ ಕಾಣುತ್ತಿದ್ದರು. ಅಮರ ಸರ್ ಹೇಳಿದ್ದು ನಿಜವೇ ಇರಬೇಕು ಎಂದು ಸುಮಂಗಲಾಳಿಗೆ ಅನ್ನಿಸಿತು. ಅಳು ಬಂತು. ಸೋಮವಾರ ಮತ್ತೆ ಹಳೆಯ ಕುರ್ಚಿ ಎಂದುಕೊಂಡಳು.

"ಇದೊಂದ ಸಲ ಕಾಕಾ," ಅಂದಳು. "ನಿಮಗ ಹೆಂಗ ಬರ್ತದ ಹಂಗ ಮಾಡ್ರಿ. ನಾ ಏನೂ ಹೇಳಂಗಿಲ್ಲ."

"ನೀ ಹೇಳದ ಇರ್ತೀಯೇನ?" ಎಂದು ಕಾಕಾ ಅನುಮಾನದಿಂದ ನೋಡಿದರು.

ಕ್ಯಾಮೆರಾ ಓಡತೊಡಗಿತು. ಸುರಭಿ ಬಂದು ಕಾಲ ಬಳಿ ಕೂತಳು. ಅವಳಿಗೂ ಸಾಕಾಗಿತ್ತು, ಸುಮ್ಮನೆ ತಲೆ ಎತ್ತಿ ನೋಡಿದಳು. ಕಾಕಾ ಬಲಗೈಯಲ್ಲಿದ್ದ ಜಿಲೇಬಿಯನ್ನು ನೋಡಿದರು, ಅವಳನ್ನು ನೋಡಿದರು. ಕನ್ನಡಕ ತೆಗೆದು ಪಕ್ಕಕ್ಕಿಟ್ಟರು. ಬರೆದು ಕೊಟ್ಟ ಮರಾಠಿ ಮಾತು ಒಂದೂ ಆಡಲಿಲ್ಲ.

"ಬಂದ್ಯಾ, ತಾಯಿ? ಹಸದೀಯೇನ?" ಅಂದರು ಕನ್ನಡದಲ್ಲಿ. "ತಗೋ, ತಿನ್ನು. ನನಗ ಸಾಕಾಗೇದ."

ತಾವು ಕಚ್ಚಿದ್ದ ಜಿಲೇಬಿಯನ್ನೇ ಅವಳ ಬಾಯಿಗೆ ಹಿಡಿದರು. ಸುರಭಿಗೆ ಕನ್ನಡ ಬರುವುದಿಲ್ಲ. ಆದರೆ ಹಸಿವಿಗೆ ಎಲ್ಲ ಭಾಷೆಯೂ ಬರುತ್ತದೆ. ಬಾಯಿ ತೆರೆದಳು, ತಿಂದಳು, ಕಣ್ಣಲ್ಲಿ ನೀರು ಸುರಿಯುತ್ತ ಇನ್ನೂ ಬೇಕೆಂದು ಕೈ ಚಾಚಿದಳು. ಕಾಕಾ ನಕ್ಕು ತಟ್ಟೆಯನ್ನೇ ಅವಳ ಮಡಿಲಿಗೆ ಸುರಿದರು. ಶಾಲು ನೆಲಕ್ಕೆ ಬಿತ್ತು. ಗಲ್ಲದ ಮೇಲೆ ಪಾಕ, ಮಡಿಲ ತುಂಬ ಜಿಲೇಬಿ, ಮರಾಠಿ ಧಾರಾವಾಹಿಯಲ್ಲಿ ಸೊಲ್ಲಾಪುರದ ಕನ್ನಡ. ಸುಮಂಗಲಾಳ ಇಡೀ ವೃತ್ತಿಜೀವನದಲ್ಲಿ ಒಂದೇ ಶಾಟಿನಲ್ಲಿ ಇಷ್ಟು ತಪ್ಪುಗಳು ಎಂದೂ ಬಂದಿರಲಿಲ್ಲ.

ಅಭಿಲಾಷ ಗುರುಮಂತ್ರ ನೆನೆದು ಎದ್ದು ಬಾಯಿ ತೆರೆದ. ಸುಮಂಗಲಾ ಒಂದು ಕೈಯಿಂದ ಅವನ ಬಾಯಿ ಮುಚ್ಚಿದಳು. ಇನ್ನೊಂದು ಕೈಯಿಂದ ಹೆಗಲ ಮೇಲಿನ ಓಢಣಿಯನ್ನು ಉಂಡೆ ಮಾಡಿ ತನ್ನ ಬಾಯಿಗೇ ತುರುಕಿಕೊಂಡಳು. ಗಂಟಲಿನವರೆಗೂ ಬಂದ "ಕಟ್" ಅಲ್ಲಿಂದ ಮೂಗಿಗೆ ಏರಿ, ಅವಳಿಗೆ ಕೆಮ್ಮು ಬಂದು, ಕಣ್ಣು ಕೆಂಪಾಗಿ, ಮೈಯೆಲ್ಲ ಬೆವೆತುಹೋಯಿತು. ಆದರೂ ಬಾಯಿ ಬಿಡಲಿಲ್ಲ. ಅಡುಗೆಯವನು ಒಳಗೆ ಬಂದು "ಚಹಾ ತಯಾರ್!" ಎಂದು ಕೂಗಿದ ಮೇಲೆಯೇ ಆ ಟೇಕ್ ಮುಗಿದದ್ದು.

ಸಂಜೆ ಬಂಗಲೆಯ ಮೇಲಿನ ಕೋಣೆಯಲ್ಲಿ ಎಡಿಟರ್ ಈ ಕೊನೆಯ ಟೇಕನ್ನು ನಿನ್ನೆಯದಕ್ಕೆ ಜೋಡಿಸಿದ. ಬಲಗೈಗೆ ಬಲಗೈ ಕೂಡಿತು. ಚೊಕ್ಕಟವಾಗಿತ್ತು. ಎಲ್ಲರೂ ಎದ್ದರು, ಸುಮಂಗಲಾ ಏಳಲಿಲ್ಲ.

"ಬೆಳಿಗ್ಗೆಯ ಮೊದಲಿನ ಟೇಕ್ ತೋರಿಸಿ," ಅಂದಳು.

ಕಾಕಾನ ಮುಖ ಬಂತು. ನಡುಗುವ ತುಟಿ ಬಂತು. ಕೈ ಮೇಲೆದ್ದಿತು. ಕೂಡಲೇ ಅವಳದೇ ದನಿ ಕೋಣೆಯ ಗೋಡೆ ಬಿರಿಯುವಂತೆ ಕೂಗಿತು. ಎಡಿಟರ್ ಮರ್ಯಾದೆಗೆ ಬೇರೆ ಕಡೆ ನೋಡಿದ. ಅವಳು ಮತ್ತೊಮ್ಮೆ ಹಾಕಿಸಿ ನೋಡಿದಳು, ಇನ್ನೊಮ್ಮೆ ನೋಡಿದಳು.

"ನಾನು ಕೂಗುವುದಕ್ಕಿಂತ ಮುಂಚಿನದಿಷ್ಟೂ ಬೇಕು. ಬಾಗಿಲು ತೆರೆದ ಮೇಲೆ ಇದು, ಕೈ ಎದ್ದ ಮೇಲೆ ಕೊನೆಯ ಟೇಕ್."

ಎಡಿಟರ್ ಕುರ್ಚಿ ತಿರುಗಿಸಿ ಅವಳನ್ನು ನೋಡಿದ. "ಬಾಗಿಲಲ್ಲಿ ಬಲಗೈ, ಇಲ್ಲಿ ಎಡಗೈ, ಆಮೇಲೆ ಮತ್ತೆ ಬಲಗೈ. ಜಿಲೇಬಿ ಎರಡು ಸಲ ಹಾರುತ್ತದೆ. ಇದನ್ನು ನೀವು ಹೇಳುತ್ತಿದ್ದೀರಾ?"

"ನಾನೇ ಹೇಳುತ್ತಿದ್ದೇನೆ. ಹಾಕಿ."

ಅವನು ಹಾಕಿದ. ತನ್ನ ಮನೆಯ ಕಪಾಟನ್ನು ತಾನೇ ಒಡೆದು ಕದ್ದವಳಂತೆ ಸುಮಂಗಲಾ ಕೆಳಗಿಳಿದು ಹೋದಳು.

ಮರುದಿನ ಸಂಜೆ ಮನೆಯಲ್ಲಿ ಗಂಗೂಬಾಯಿ ದೀಪ ಹಚ್ಚಿ ಟೀವಿಯ ಮುಂದೆ ಕೂತರು. ಋಷಿಕೇಶ ಕಚೇರಿಯಿಂದ ಬೇಗ ಬಂದಿದ್ದ. ಸುಮಂಗಲಾ ಟೀವಿಗೆ ಬೆನ್ನು ಮಾಡಿ ಅವರಿಬ್ಬರ ಮುಖ ನೋಡುತ್ತ ನಿಂತಳು. ಬಾಗಿಲು ತೆರೆದ ಸದ್ದು ಬಂತು. ಈಗ ಹಾರಿತು ಎಂದುಕೊಂಡಳು. ಗಂಗೂಬಾಯಿಯ ಕಣ್ಣು ತೇವಗೊಂಡಿತು. ಈಗ ಮತ್ತೆ ಹಾರಿತು. ಋಷಿಕೇಶ ಮೂಗು ಎಳೆದುಕೊಂಡ. "ಬಂದ್ಯಾ, ತಾಯಿ?" ಎಂದು ಕಾಕಾನ ದನಿ ಬಂದದ್ದೇ ತಡ, ಗಂಗೂಬಾಯಿ ಸೆರಗಿನಲ್ಲಿ ಮುಖ ಮುಚ್ಚಿ ಗೊಳೋ ಎಂದು ಅತ್ತರು.

"ಅತ್ಯಾರ, ಕೈ ನೋಡಿದ್ರೇನ್ರಿ?"

"ಯಾರ ಕೈಯವಾ?"

"ಅಜ್ಜಂದು. ಜಿಲೇಬಿ ಇದ್ದ ಕೈ."

"ಆ ಮುದುಕನ ಮಾರಿ ನೋಡೂದ ಬಿಟ್ಟು ಕೈ ಯಾಕ ನೋಡ್ಲಿ? ಅತ್ತಾಗ ಸರದ ನಿಲ್ಲು, ಅಳಾಕರ ಬಿಡು!"

ಅಷ್ಟರಲ್ಲಿ ಶೀತಲ ಮೇಡಂ ಫೋನ್ ಬಂತು. ಮೂಗು ಕಟ್ಟಿದ ದನಿ. ಭಾಳ ಚೆನ್ನಾಗಿದೆ ಅಂದರು. ಅಜ್ಜನ ಬಾಯಲ್ಲಿ ಕನ್ನಡ ಯಾರ ಯೋಚನೆ, ಇನ್ನು ಮೇಲೆ ಮನಸ್ಸು ತುಂಬಿದಾಗೆಲ್ಲ ಅವರು ಕನ್ನಡವನ್ನೇ ಆಡಲಿ ಅಂದರು. ಸೋಮವಾರದಿಂದ ಮೂರು ದಿನ ನಿನ್ನವು ಅಂದರು.

"ಮೇಡಂ, ಕೈ..." ಎಂದಳು ಸುಮಂಗಲಾ. ತಡೆಯಲಾಗಲಿಲ್ಲ.

"ಯಾವ ಕೈ?"

"ಏನಿಲ್ಲ ಮೇಡಂ. ಥ್ಯಾಂಕ್ಸ್."

ಫೋನಿಟ್ಟು ಅಡುಗೆಮನೆಗೆ ಹೋಗಿ ಮಣೆಯ ಮೇಲೆ ಕೂತಳು. ಖುಷಿಯಾಗಿತ್ತು, ಕುಣಿಯುವಷ್ಟು ಖುಷಿಯಾಗಿತ್ತು. ಅದರ ಜೊತೆಗೇ ಎದೆಯಲ್ಲಿ ಏನೋ ಚುಚ್ಚಿತು. ಒಬ್ಬರೂ ನೋಡಿರಲಿಲ್ಲ. ಇಷ್ಟು ವರ್ಷ ಯಾರಿಗಾಗಿ ಕಾದೆ ಆ ಬಳೆ, ಆ ಲೋಟ, ಊರವರ ಕೈಗಳನ್ನೆಲ್ಲ? ಜಿಲೇಬಿ ಗಿಣಿಯಂತೆ ಹಾರಾಡಿದರೂ ಜನ ಅಜ್ಜನ ಮುಖವನ್ನೇ ನೋಡುತ್ತಾರೆ ಎಂದು ಗೊತ್ತಿದ್ದರೆ ಒಂದಿಷ್ಟು ನಿದ್ದೆಯನ್ನಾದರೂ ಮಾಡಬಹುದಿತ್ತು. ನಗು ಬಂತು, ಕಣ್ಣೀರೂ ಬಂತು. ಯಾವುದು ಮೊದಲು ಬಂತೆಂದು ಅವಳು ಗಮನಿಸಲಿಲ್ಲ.

ಮತ್ತೆ ಫೋನ್ ಬಂತು. ಏಕನಾಥ ಕಾಕಾ.

"ನಿನ್ನ ಕಂಟಿನ್ಯುಟಿ ಪೂರಾ ಹಾಳಾಗೇದಲ್ಲವಾ," ಅಂದರು. "ಬಲಗೈ, ಎಡಗೈ, ಮತ್ತ ಬಲಗೈ. ನಾ ಏನ ಜಾದೂಗಾರನ?"

"ಕಾಣಿಸ್ತೇನ್ರಿ ಕಾಕಾ?"

"ನನ್ನ ಕೈ ನನಗ ಕಾಣಂಗಿಲ್ಲೇನ?"

ಅವರ ಮನೆಯ ಟೀವಿಯಲ್ಲಿ ಯಾವುದೋ ಸಾಬೂನಿನ ಜಾಹೀರಾತು ಕೇಳಿಸುತ್ತಿತ್ತು.

"ಆ ಟೇಕ್ ನೀ ಕಸಕ್ಕ ಒಗದಿ ಅಂತ ತಿಳಕೊಂಡಿದ್ದೆ," ಅಂದರು. ದನಿ ಸಣ್ಣಗಾಗಿತ್ತು.

"ಒಗದಿದ್ದೆರಿ," ಅಂದಳು ಸುಮಂಗಲಾ. "ಹೋಗಿ ಆರಿಸ್ಕೊಂಡ ಬಂದೆ. ತಪ್ಪಾತ್ರಿ ಕಾಕಾ."

ಕಾಕಾ ಒಂದು ಸಲ ಕೆಮ್ಮಿ ಗಂಟಲು ಸರಿಮಾಡಿಕೊಂಡರು.

"ಮೇಡಂ ಫೋನ್ ಮಾಡಿದ್ರು. ಸೋಮವಾರ ನಾ ಎಷ್ಟಕ್ಕ ಬರ್ಲಿ, ಡೈರೆಕ್ಟರ್ ಬಾಯಿ?" ಎಂದು ಕೇಳಿದರು.

ಸುಮಂಗಲಾ ಓಢಣಿಯಿಂದ ಕಣ್ಣೊರೆಸಿಕೊಂಡಳು.

"ಒಂಬತ್ತಕ್ಕ ಬರ್ರಿ," ಅಂದಳು.